'ಸ್ಕ್ವಾಟರ್' ಎಂಬ ಪದದ ಜಾಡಿನಲ್ಲಿ: 'ಟ್ರೋವ್' ಪತ್ರಿಕಾ ಸಂಗ್ರಹವನ್ನು ಬಳಸಿ ನೋಡಿದಾಗ

ಹತ್ತೊಂಬತ್ತನೆಯ ಶತಮಾನದ ಆಸ್ಟ್ರೇಲಿಯಾದ ಕುರಿ ಸಾಕಣೆಯನ್ನು ಕುರಿತ ಲೇಖನವೊಂದನ್ನು ಕನ್ನಡಕ್ಕೆ ತರುತ್ತಿದ್ದಾಗ 'ಸ್ಕ್ವಾಟರ್' ಎಂಬ ಒಂದೇ ಪದ ನನ್ನನ್ನು ಹಲವು ದಿನ ಮುಂದಕ್ಕೆ ಹೋಗಲು ಬಿಡಲಿಲ್ಲ. ಕೈಯಲ್ಲಿದ್ದ ಇಂಗ್ಲಿಷ್–ಕನ್ನಡ ನಿಘಂಟು ಕೊಟ್ಟದ್ದು ಎರಡೇ ಅರ್ಥ: ಕುಕ್ಕರಗಾಲಿನಲ್ಲಿ ಕೂರುವವನು, ಮತ್ತು ಪರರ ಜಾಗದಲ್ಲಿ ಅನಧಿಕೃತವಾಗಿ ನೆಲೆಸಿದವನು. ಆದರೆ ನನ್ನ ಮುಂದಿದ್ದ ಲೇಖನದ ಸ್ಕ್ವಾಟರ್ ಸಾವಿರಾರು ಕುರಿಗಳ ಒಡೆಯ. ಕಲ್ಲಿನ ಮಹಲು ಕಟ್ಟಿಸಿಕೊಂಡವನು. ಶಾಸನ ಪರಿಷತ್ತಿನಲ್ಲಿ ಕುಳಿತು ಭೂಮಿಯ ಕಾಯಿದೆಗಳ ಮೇಲೆ ಮತ ಹಾಕುವವನು. ಒತ್ತುವರಿದಾರನೊಬ್ಬ ಊರಿಗೆ ದೊಡ್ಡ ಗೌಡನಾದದ್ದು ಹೇಗೆ ಎಂಬುದನ್ನು ಯಾವ ನಿಘಂಟೂ ಹೇಳಲಾರದು. ಆ ಕಾಲದ ಜನ ಪದವನ್ನು ಬಳಸುತ್ತಿದ್ದ ಜಾಗಕ್ಕೇ ಹೋಗಿ ನೋಡಬೇಕು. ಅಂಥ ಜಾಗವೆಂದರೆ ಆಸ್ಟ್ರೇಲಿಯಾದ ರಾಷ್ಟ್ರೀಯ ಗ್ರಂಥಾಲಯ ಕ್ಯಾನ್‌ಬೆರಾದಿಂದ ನಡೆಸುತ್ತಿರುವ 'ಟ್ರೋವ್' ಎಂಬ ಅಂತರಜಾಲ ಸೇವೆ. ಪದಗಳ ಚರಿತ್ರೆಯಲ್ಲಿ ಆಸಕ್ತಿಯಿರುವ ಓದುಗನ ದೃಷ್ಟಿಯಿಂದ ಅದರ ಗುಣ ಮತ್ತು ಮಿತಿಗಳನ್ನು ಇಲ್ಲಿ ಬರೆಯುತ್ತಿದ್ದೇನೆ.

2009ರಲ್ಲಿ ಈಗಿನ ಹೆಸರಿನಿಂದ ಆರಂಭವಾದ ಟ್ರೋವ್‌ನಲ್ಲಿ ಪುಸ್ತಕಗಳ ವಿವರ, ಚಿತ್ರಗಳು, ನಕ್ಷೆಗಳು, ಸರ್ಕಾರಿ ಗೆಜೆಟ್‌ಗಳು ಎಲ್ಲವೂ ಇವೆಯಾದರೂ ನನ್ನಂಥವರಿಗೆ ಅದರ ಜೀವಾಳವೆಂದರೆ ಹಳೆಯ ಪತ್ರಿಕೆಗಳ ವಿಭಾಗ. 1803ರ ಮಾರ್ಚ್‌ನಲ್ಲಿ ಹೊರಟ 'ಸಿಡ್ನಿ ಗೆಜೆಟ್'ನ ಮೊದಲ ಸಂಚಿಕೆಯಿಂದ ಹಿಡಿದು, ಬಹುಪಾಲು ಪತ್ರಿಕೆಗಳ ಮಟ್ಟಿಗೆ 1954ರವರೆಗಿನ ಪುಟಗಳು ಇಲ್ಲಿ ಚಿತ್ರರೂಪದಲ್ಲಿ ದೊರೆಯುತ್ತವೆ. ಚಿತ್ರದ ಪಕ್ಕದಲ್ಲಿ ಯಂತ್ರ ಓದಿ ತೆಗೆದ ಪಠ್ಯವೂ ಇರುವುದರಿಂದ ಯಾವುದೇ ಪದವನ್ನು ಹುಡುಕಬಹುದು. ಹಣ ಕೊಡಬೇಕಾಗಿಲ್ಲ, ಓದುವುದಕ್ಕೆ ಖಾತೆ ತೆರೆಯಬೇಕಾಗಿಯೂ ಇಲ್ಲ. ಫಲಿತಾಂಶವನ್ನು ದಶಕದ ಪ್ರಕಾರ, ವಸಾಹತಿನ ಪ್ರಕಾರ, ಪತ್ರಿಕೆಯ ಪ್ರಕಾರ, ಸುದ್ದಿಯೋ ಜಾಹೀರಾತೋ ಎಂಬುದರ ಪ್ರಕಾರ ಸೋಸಿಕೊಳ್ಳುವ ಸೌಲಭ್ಯವಿದೆ. ಪದದ ಬೆನ್ನುಹತ್ತಿದವನಿಗೆ ಈ ಕೊನೆಯ ಸೌಲಭ್ಯದಷ್ಟು ಉಪಯುಕ್ತವಾದದ್ದು ಮತ್ತೊಂದಿಲ್ಲ. ಅದು ಏಕೆಂಬುದನ್ನು ಪದದ ಕಥೆಯ ಜೊತೆಯಲ್ಲೇ ಹೇಳಿದರೆ ಸ್ಪಷ್ಟವಾಗುತ್ತದೆ.

ಅಮೆರಿಕದಲ್ಲಿ ಹದಿನೆಂಟನೆಯ ಶತಮಾನದ ಕೊನೆಯ ಹೊತ್ತಿಗೇ, ಹಕ್ಕುಪತ್ರವಿಲ್ಲದೆ ಖಾಲಿ ಜಮೀನಿನಲ್ಲಿ ಠಿಕಾಣಿ ಹೂಡಿದವನನ್ನು ಸ್ಕ್ವಾಟರ್ ಎನ್ನುತ್ತಿದ್ದರು. 1820ರ ದಶಕದಲ್ಲಿ ಈ ಪದ ವ್ಯಾನ್ ಡೀಮನ್ಸ್ ಲ್ಯಾಂಡ್, ಅಂದರೆ ಇಂದಿನ ಟ್ಯಾಸ್ಮೇನಿಯಾ, ಮತ್ತು ನ್ಯೂ ಸೌತ್ ವೇಲ್ಸ್ ವಸಾಹತುಗಳಲ್ಲಿ ಬೇರೂರಿದಾಗ ಅದೊಂದು ಬೈಗುಳವೇ ಆಗಿತ್ತು. ಶಿಕ್ಷೆ ಮುಗಿಸಿದ ಅಥವಾ ಷರತ್ತಿನ ಬಿಡುಗಡೆ ಪಡೆದ ಕೈದಿಗಳು ದೊಡ್ಡವರ ಜಮೀನುಗಳ ಅಂಚಿನಲ್ಲಿ ಗುಡಿಸಲು ಹಾಕಿಕೊಂಡು, ಅಕ್ಕಪಕ್ಕದ ಮಂದೆಗಳಿಂದ ಕುರಿ–ದನ ಕದ್ದು, ಕಳ್ಳಭಟ್ಟಿ ಮಾರಿ ಬದುಕುತ್ತಾರೆಂಬ ದೂರು ಆಗ ಎಲ್ಲೆಲ್ಲೂ ಕೇಳಿಬರುತ್ತಿತ್ತು. ಅವರಿಗೆ ಇಟ್ಟ ಹೆಸರು ಅದು. ದಶಕದ ಸೋಸುವಿಕೆಯನ್ನು 1830ಕ್ಕೆ ಇಟ್ಟು ಓದಿದರೆ ಪದದ ಸುತ್ತ ಪೊಲೀಸು, ಕಳವು, ನ್ಯಾಯಾಲಯಗಳ ಮಾತೇ ಹೆಚ್ಚು. 1840ಕ್ಕೆ ಸರಿಸಿದೊಡನೆ ಸಭೆ, ಮನವಿ, ಉಣ್ಣೆಯ ಬೆಲೆ, ಗವರ್ನರರ ನೀತಿಯ ಚರ್ಚೆ ಕಾಣತೊಡಗುತ್ತದೆ. ಒಂದು ಪದ ಹತ್ತು ಹದಿನೈದು ವರ್ಷಗಳಲ್ಲಿ ಮನೆ ಬದಲಾಯಿಸಿದ್ದನ್ನು ಹೀಗೆ ಕಣ್ಣಾರೆ ನೋಡುವುದು ನನಗೆ ಹೊಸ ಅನುಭವವಾಗಿತ್ತು.

ಈ ಬದಲಾವಣೆಗೆ ಕಾರಣ ಸರ್ಕಾರವೇ ಎಳೆದ ಒಂದು ಗೆರೆ. 1829ರಲ್ಲಿ ಗವರ್ನರ್ ಡಾರ್ಲಿಂಗ್ ಸಿಡ್ನಿಯ ಸುತ್ತಲಿನ ಹತ್ತೊಂಬತ್ತು ಕೌಂಟಿಗಳನ್ನು ಗುರುತಿಸಿ, ಅವುಗಳ ಆಚೆಗೆ ಯಾರೂ ನೆಲೆಸಕೂಡದೆಂದು ವಿಧಿಸಿದರು. ಆದರೆ ಮೆರಿನೋ ಉಣ್ಣೆಗೆ ಇಂಗ್ಲೆಂಡಿನ ಗಿರಣಿಗಳಲ್ಲಿ ಬೇಡಿಕೆ ಏರುತ್ತಿತ್ತು, ಹಿಂಡುಗಳು ಬೆಳೆಯುತ್ತಿದ್ದವು, ಹುಲ್ಲು ಇದ್ದದ್ದು ಗೆರೆಯ ಆಚೆಗೆ. ಹೀಗಾಗಿ ಬಂಡವಾಳವುಳ್ಳವರು, ಸೈನ್ಯಾಧಿಕಾರಿಗಳಾಗಿದ್ದವರು, ಒಳ್ಳೆಯ ಮನೆತನದ ಕಿರಿಯ ಮಕ್ಕಳು ಎಲ್ಲರೂ ಮಂದೆ ಹೊಡೆದುಕೊಂಡು ಗೆರೆ ದಾಟಿದರು. 1834ರ ನವೆಂಬರ್‌ನಲ್ಲಿ ಎಡ್ವರ್ಡ್ ಹೆಂಟಿ ಸರ್ಕಾರದ ಅಪ್ಪಣೆಯಿಲ್ಲದೆ ಇಂದಿನ ವಿಕ್ಟೋರಿಯಾದ ಪೋರ್ಟ್‌ಲ್ಯಾಂಡ್ ಕೊಲ್ಲಿಯಲ್ಲಿ ಇಳಿದು ಬೇಸಾಯ, ಕುರಿ ಸಾಕಣೆ ಆರಂಭಿಸಿದ್ದು ಇದಕ್ಕೆ ಪ್ರಸಿದ್ಧ ಉದಾಹರಣೆ. ತಡೆಯಲಾಗದ್ದನ್ನು ಕಂಡ ಗವರ್ನರ್ ಬರ್ಕ್ 1836ರಲ್ಲಿ ವರ್ಷಕ್ಕೆ 10 ಪೌಂಡಿನ ಪರವಾನಗಿ ಪಡೆದು ಗೆರೆಯಾಚೆ ಮೇಯಿಸಿಕೊಳ್ಳಬಹುದೆಂಬ ಕಾಯಿದೆ ಮಾಡಿಸಿದರು. ಅಲ್ಲಿಗೆ ಸ್ಕ್ವಾಟರ್ ಎಂದರೆ ಕಳ್ಳನಲ್ಲ, ಪರವಾನಗಿದಾರ. ಆದರೂ ಹಳೆಯ ಹೆಸರು ಮಾತ್ರ ಹಾಗೆಯೇ ಉಳಿಯಿತು. ಬೈಗುಳವನ್ನೇ ಬಿರುದಾಗಿ ತೊಟ್ಟುಕೊಂಡ ಜನರಲ್ಲಿ ಇವರಷ್ಟು ಬೇಗ ಅದರಲ್ಲಿ ಯಶಸ್ವಿಯಾದವರು ಕಡಿಮೆಯೆಂದು ನನಗನ್ನಿಸುತ್ತದೆ. 1844ರಲ್ಲಿ ಗವರ್ನರ್ ಗಿಪ್ಸ್ ಪ್ರತಿಯೊಂದು ಮೇವಿನ ವಲಯಕ್ಕೂ ಬೇರೆ ಬೇರೆ ಪರವಾನಗಿ ಬೇಕೆಂದಾಗ ಅವರು ಸಂಘ ಕಟ್ಟಿ ಪ್ರತಿಭಟಿಸಿದರು. ಲಂಡನ್ನಿನವರೆಗೂ ಮನವಿ ಹೋಯಿತು. 1847ರ ರಾಜಾಜ್ಞೆ ದೂರದ ಜಿಲ್ಲೆಗಳಲ್ಲಿ 14 ವರ್ಷಗಳವರೆಗಿನ ಗುತ್ತಿಗೆಯನ್ನೂ, ಜಮೀನು ಮಾರಾಟಕ್ಕೆ ಬಂದಾಗ ಮೊದಲು ಕೊಳ್ಳುವ ಹಕ್ಕನ್ನೂ ಅವರಿಗೆ ಕೊಟ್ಟಿತು. 'ಅರಿಸ್ಟಾಕ್ರಸಿ'ಯ ಬಾಲವನ್ನು ಅಂಟಿಸಿ 'ಸ್ಕ್ವಾಟಾಕ್ರಸಿ' ಎಂಬ ಪದ ಹುಟ್ಟಿದ್ದೂ ಈ ದಶಕದಲ್ಲಿಯೇ.

ಇಲ್ಲಿ ಜಾಹೀರಾತುಗಳನ್ನು ಪ್ರತ್ಯೇಕವಾಗಿ ಹುಡುಕುವ ಸೌಲಭ್ಯದ ಬೆಲೆ ತಿಳಿಯುತ್ತದೆ. ಸುದ್ದಿ ಮತ್ತು ಸಂಪಾದಕೀಯಗಳಲ್ಲಿ ಪದವನ್ನು ವಾದಕ್ಕಾಗಿ ಬಳಸುತ್ತಾರೆ, ಜಾಹೀರಾತಿನಲ್ಲಿ ವ್ಯವಹಾರಕ್ಕಾಗಿ ಬಳಸುತ್ತಾರೆ. ಆ ಕಾಲದ ಮಾರಾಟದ ಜಾಹೀರಾತುಗಳಲ್ಲಿ ಇಷ್ಟು ಕುರಿಗಳು ಮಾರಾಟಕ್ಕಿವೆ, 'ಸ್ಟೇಷನ್ ಜೊತೆಗೆ ಬಿಟ್ಟುಕೊಡಲಾಗುವುದು' ಎಂಬರ್ಥದ ಒಕ್ಕಣೆ ಕಾಣುತ್ತದೆ. ಸ್ಟೇಷನ್ ಎಂದರೆ ಅಲ್ಲಿ ಕುರಿ ಸಾಕುವ ನೆಲೆ. ನೆಲ ಬ್ರಿಟಿಷ್ ದೊರೆಯದ್ದಾದ್ದರಿಂದ ಅದನ್ನು ಮಾರುವ ಹಕ್ಕು ಸ್ಕ್ವಾಟರನಿಗಿರಲಿಲ್ಲ. ಮಾರುವುದು ಕುರಿಯನ್ನು ಮಾತ್ರ, ಸಾವಿರಾರು ಎಕರೆ ಹುಲ್ಲುಗಾವಲು ಅದರ ಬೆನ್ನಿಗೆ ಬಂದಂತೆ! ಸ್ಕ್ವಾಟರನ ಹಕ್ಕಿನ ಸ್ವರೂಪವನ್ನು ಇಷ್ಟು ಚಿಕ್ಕದಾಗಿ, ಇಷ್ಟು ನಿಖರವಾಗಿ ತಿಳಿಸಿದ ಮತ್ತೊಂದು ಬರಹವನ್ನು ನಾನು ಓದಿಲ್ಲ. ಇದರೊಡನೆ ನ್ಯೂ ಸೌತ್ ವೇಲ್ಸ್ ಸರ್ಕಾರದ ಗೆಜೆಟ್ ಕೂಡ ಟ್ರೋವ್‌ನಲ್ಲಿದೆ. 1848ರ ಗೆಜೆಟ್‌ನಲ್ಲಿ ಗುತ್ತಿಗೆ ಕೋರಿದವರ ಪಟ್ಟಿಗಳು ಅಚ್ಚಾಗಿವೆ: ಹಕ್ಕುದಾರನ ಹೆಸರು, 'ರನ್' ಎಂದು ಕರೆಯುತ್ತಿದ್ದ ಮೇವಿನ ವಲಯದ ಹೆಸರು, ಅಂದಾಜು ವಿಸ್ತೀರ್ಣ, ಎಷ್ಟು ಜಾನುವಾರು ಮೇಯಬಲ್ಲವು ಎಂಬ ಲೆಕ್ಕ, ಹಳ್ಳ, ಗುಡ್ಡ, ಗುರುತು ಕೊರೆದ ಮರಗಳನ್ನು ಹಿಡಿದು ಹೇಳಿದ ಚೆಕ್ಕುಬಂದಿ. ನಮ್ಮ ಹಳೆಯ ಪಹಣಿ, ಕ್ರಯಪತ್ರಗಳನ್ನು ಓದಿ ಅಭ್ಯಾಸವಿರುವವರಿಗೆ ಈ ಪಟ್ಟಿಗಳ ಭಾಷೆ ಸ್ವಲ್ಪವೂ ಪರಕೀಯವೆನಿಸುವುದಿಲ್ಲ.

ಚಿನ್ನದ ಗಣಿಗಳ ಕಾಲದ ನಂತರ ಪದ ಮತ್ತೊಮ್ಮೆ ಹೊರಳಿತು. 1861ರಲ್ಲಿ ನ್ಯೂ ಸೌತ್ ವೇಲ್ಸ್‌ನಲ್ಲಿ ಜಾನ್ ರಾಬರ್ಟ್‌ಸನ್ ತಂದ ಕಾಯಿದೆಗಳು, ಸರ್ವೆಗೂ ಮೊದಲೇ 40ರಿಂದ 320 ಎಕರೆ ಜಮೀನನ್ನು ಎಕರೆಗೆ ಒಂದು ಪೌಂಡಿನಂತೆ, ನಾಲ್ಕನೆಯ ಒಂದು ಭಾಗ ಮುಂಗಡ ಕೊಟ್ಟು ಆರಿಸಿಕೊಳ್ಳುವ ಅವಕಾಶವನ್ನು ಸಾಮಾನ್ಯರಿಗೆ ನೀಡಿದವು. ಹಾಗೆ ಬಂದ ಸಣ್ಣ ರೈತ 'ಸೆಲೆಕ್ಟರ್' ಎನಿಸಿಕೊಂಡ. ಅವನ ಎದುರಾಳಿಯಾಗಿ ಸ್ಕ್ವಾಟರ್ ಎಂಬುದಕ್ಕೆ ದೊಡ್ಡ ಭೂಹಿಡುವಳಿದಾರ ಎಂಬ ಅರ್ಥ ಗಟ್ಟಿಯಾಯಿತು. ಬೇರೆಯವರ ಹೆಸರಿನಲ್ಲಿ ಜಮೀನು ಹಿಡಿಯುವುದಕ್ಕೆ 'ಡಮ್ಮಿಯಿಂಗ್', ನೀರಿನ ಸೆಲೆಯಿರುವ ಆಯಕಟ್ಟಿನ ತುಣುಕುಗಳನ್ನು ಮಾತ್ರ ಕೊಂಡು ಸುತ್ತಲಿನ ನೆಲವನ್ನು ಪರರಿಗೆ ಕೆಲಸಕ್ಕೆ ಬಾರದಂತೆ ಮಾಡುವುದಕ್ಕೆ 'ಪೀಕಾಕಿಂಗ್' ಎಂಬ ಪದಗಳು ಚಾಲ್ತಿಗೆ ಬಂದವು. ಇವೆರಡನ್ನೂ ಹುಡುಕಿ ಓದಿದರೆ ಸ್ಕ್ವಾಟರನ ಚಿತ್ರ ಪೂರ್ಣವಾಗುತ್ತದೆ. 1895ರಲ್ಲಿ ಬ್ಯಾಂಜೊ ಪ್ಯಾಟರ್‌ಸನ್ ಬರೆದ 'ವಾಲ್ಟ್ಸಿಂಗ್ ಮಟಿಲ್ಡಾ' ಹಾಡಿನ ಹೊತ್ತಿಗೆ, ಕುರಿ ಕದ್ದ ಬಡ ಅಲೆಮಾರಿಯನ್ನು ಹಿಡಿಯಲು ಜಾತಿ ಕುದುರೆಯೇರಿ ಪೊಲೀಸರೊಡನೆ ಬರುವವನು ಸ್ಕ್ವಾಟರ್. ಎಪ್ಪತ್ತು ವರ್ಷಗಳ ಹಿಂದೆ ಕುರಿ ಕದಿಯುವವನೆಂದು ಬೈಸಿಕೊಂಡ ಹೆಸರು ಅದೇ. ಆಮೇಲಾಮೇಲೆ 'ಪ್ಯಾಸ್ಟರಲಿಸ್ಟ್', 'ಗ್ರೇಜಿಯರ್' ಎಂಬ ನಯವಾದ ಪದಗಳು ಅದರ ಜಾಗವನ್ನು ತೆಗೆದುಕೊಂಡವು.

ಈ ಸೇವೆಯ ಮಿತಿಗಳನ್ನು ತಿಳಿದೇ ಬಳಸಬೇಕು. ಹಳೆಯ ಅಚ್ಚು ಮಸುಕಾದಲ್ಲಿ ಯಂತ್ರದ ಓದು ತಪ್ಪುತ್ತದೆ. ತಪ್ಪಿ ಓದಿದ ಪದ ಹುಡುಕಾಟಕ್ಕೆ ಸಿಗುವುದಿಲ್ಲ. ಆದ್ದರಿಂದ ಫಲಿತಾಂಶಗಳ ಸಂಖ್ಯೆಯನ್ನೇ ಪದದ ಬಳಕೆಯ ಅಳತೆಯೆಂದು ತಿಳಿಯುವುದು ಸರಿಯಲ್ಲ. ಒಂದು ದಶಕದಲ್ಲಿ ಹೆಚ್ಚು ಪತ್ರಿಕೆಗಳು ಹೊರಟಿದ್ದರೆ ಯಾವ ಪದವಾದರೂ ಹೆಚ್ಚಾಗಿಯೇ ಕಾಣುತ್ತದೆ ಎಂಬುದನ್ನೂ ಮರೆಯಬಾರದು. ಜೊತೆಗೆ, ಬೆದರಿದಾಗ ನೆಲಕ್ಕೆ ಅಂಟಿ ಕೂರುವ ಕ್ವೀನ್ಸ್‌ಲ್ಯಾಂಡಿನ ಪಾರಿವಾಳಕ್ಕೂ ಸ್ಕ್ವಾಟರ್ ಎಂಬ ಹೆಸರಿದೆ. ಕಾಲು ಚಾಚಿಕೊಳ್ಳಲು ಕೈಗಳನ್ನು ಉದ್ದಕ್ಕೆ ಮಾಡಿರುವ ವರಾಂಡದ ಆರಾಮ ಕುರ್ಚಿಗೂ ಅದೇ ಹೆಸರು. ಪಾರಿವಾಳಕ್ಕೆ ಆ ಹೆಸರು ಬಂದದ್ದು ಕುಕ್ಕರಿಸುವುದರಿಂದ, ಕುರ್ಚಿಗೆ ಬಂದದ್ದು ಧಣಿಗಳಿಂದ. 'ರನ್', 'ಪರವಾನಗಿ' ಎಂಬರ್ಥದ ಇಂಗ್ಲಿಷ್ ಪದಗಳನ್ನು ಜೊತೆಗೆ ಸೇರಿಸಿ ಹುಡುಕಿದರೆ ಇವು ಬಹುಮಟ್ಟಿಗೆ ದೂರವಾಗುತ್ತವೆ. ಯಂತ್ರದ ತಪ್ಪುಗಳನ್ನು ಓದುಗರೇ ಸಾಲು ಸಾಲಾಗಿ ತಿದ್ದಬಹುದಾದ ವ್ಯವಸ್ಥೆ ಇರುವುದು ಟ್ರೋವ್‌ನ ಅತ್ಯಂತ ಮೆಚ್ಚತಕ್ಕ ಗುಣ. ತಿದ್ದಿದ ಸಾಲು ಮುಂದಿನ ಓದುಗನ ಹುಡುಕಾಟಕ್ಕೆ ಒದಗುತ್ತದೆ.

ಯಾವ ತಿದ್ದುಪಡಿಯಿಂದಲೂ ತುಂಬಲಾಗದ ಕೊರತೆ ಇನ್ನೊಂದಿದೆ, ಅದು ಸೇವೆಯದಲ್ಲ, ಅದು ಕಾಪಾಡಿಟ್ಟ ಪತ್ರಿಕೆಗಳದು. ಸ್ಕ್ವಾಟರ್ ಎಂಬ ಪದ ಅವನನ್ನು ಅಳೆಯುವುದು ದೊರೆಯ ಹಕ್ಕಿನ ಎದುರಿಗೆ. ಹತ್ತಾರು ಸಾವಿರ ವರ್ಷಗಳಿಂದ ಆ ನೆಲದಲ್ಲಿದ್ದ ಮೂಲನಿವಾಸಿಗಳ ಹಕ್ಕಿನ ಎದುರಿಗೆ ಅಲ್ಲ. ಅವರ ಬೇಟೆಯ ಬಯಲು, ನೀರಿನ ಸೆಲೆಗಳೇ ಕುರಿಗಳ ಪಾಲಾದವು. 1838ರ ಜೂನ್ 10ರಂದು ಮಯಾಲ್ ಕ್ರೀಕ್ ಎಂಬಲ್ಲಿ ದನಗಾಹಿಗಳ ಗುಂಪು ಕನಿಷ್ಠ 28 ಮಂದಿ ವಿರಾಯರಾಯ್ ಜನರನ್ನು, ಅವರಲ್ಲಿ ಹೆಂಗಸರು ಮಕ್ಕಳೂ ಇದ್ದರು, ಕೊಂದುಹಾಕಿತು. ವಿಚಾರಣೆ ನಡೆದು ಡಿಸೆಂಬರ್‌ನಲ್ಲಿ ಏಳು ಮಂದಿಗೆ ಗಲ್ಲಾಯಿತು. ಆ ವಿಚಾರಣೆಯ ವರದಿಗಳು ಅಂದಿನ ಸಿಡ್ನಿಯ ಪತ್ರಿಕೆಗಳಲ್ಲಿವೆ, ಓದಬಹುದು. ಆದರೆ ಸತ್ತವರ ಕಡೆಯವರು ಈ ಬಿಳಿಯರನ್ನು ತಮ್ಮ ಮಾತಿನಲ್ಲಿ ಏನೆಂದು ಕರೆಯುತ್ತಿದ್ದರೆಂಬುದು ಆ ಪುಟಗಳಲ್ಲಿಲ್ಲ. ಪದವೊಂದರ ಚರಿತ್ರೆಯನ್ನು ಪತ್ರಿಕೆಗಳಿಂದ ಕಟ್ಟುವಾಗ ನಮಗೆ ಸಿಗುವುದು ಅಚ್ಚಿನ ಮೊಳೆ ಕೈಯಲ್ಲಿದ್ದವರ ಮಾತು. 1840ರ ದಶಕದ ಆ ಗುತ್ತಿಗೆಗಳ ಪರಂಪರೆಯಿಂದ ಬಂದ ಪಶುಪಾಲನಾ ಗುತ್ತಿಗೆಗಳು ಮೂಲನಿವಾಸಿಗಳ ಹಕ್ಕನ್ನು ತಾವಾಗಿಯೇ ಅಳಿಸಿಹಾಕುವುದಿಲ್ಲವೆಂದು ಆಸ್ಟ್ರೇಲಿಯಾದ ಹೈಕೋರ್ಟ್ ವಿಕ್ ಪ್ರಕರಣದಲ್ಲಿ ಹೇಳಿದ್ದು 1996ರಲ್ಲಿ. ಹಳೆಯ ಗೆಜೆಟ್‌ನ ಪಟ್ಟಿಗಳನ್ನು ಈ ತೀರ್ಪಿನ ನೆನಪಿನೊಡನೆ ಓದುವುದು ಅಗತ್ಯವೆಂದು ನನಗೆ ತೋರುತ್ತದೆ.

ಕನ್ನಡದ ಅನುವಾದಕರಿಗೆ ಟ್ರೋವ್‌ನ್ನು ಧಾರಾಳವಾಗಿ ಶಿಫಾರಸು ಮಾಡುತ್ತೇನೆ; ನಿಘಂಟಿನ ಬದಲಿಗೆ ಅಲ್ಲ, ನಿಘಂಟು ಕೈಬಿಟ್ಟ ಮೇಲೆ. ನನ್ನ ಮಟ್ಟಿಗೆ ಅದು ಮೂರು ಪರ್ಯಾಯಗಳನ್ನು ತಳ್ಳಿಹಾಕಲು ನೆರವಾಯಿತು. 'ಕುರಿಗಾಹಿ' ಎಂದರೆ ಕೂಲಿಗೆ ಮಂದೆ ಕಾಯುವವನಾಗುತ್ತಾನೆ, ಅವನಿಗೆ ಅಲ್ಲಿ ಬೇರೆಯೇ ಹೆಸರಿತ್ತು. 'ಒತ್ತುವರಿದಾರ' ಎಂಬುದು 1836ಕ್ಕೆ ಮುಂಚಿನವನಿಗೆ ಒಪ್ಪುತ್ತದೆ, ಅನಂತರದವನಿಗೆ ಒಪ್ಪುವುದಿಲ್ಲ. 'ಬಗರ್‌ಹುಕುಂ' ಎಂಬ ನಮ್ಮ ಪದ ಅಪ್ಪಣೆಯಿಲ್ಲದ ಸ್ವಾಧೀನ ಮತ್ತು ಆಮೇಲಿನ ಸಕ್ರಮ ಎರಡನ್ನೂ ನೆನಪಿಸುವುದರಿಂದ ಬಹಳ ಆಸೆ ಹುಟ್ಟಿಸಿತು. ಆದರೆ ಅದರ ಹಿಂದೆ ಎರಡು ಮೂರು ಎಕರೆ ಉಳುವ ಬಡ ರೈತ ನಿಂತಿದ್ದಾನೆ, ಕುದುರೆಯೇರಿದ ಧಣಿ ಅಲ್ಲ. ಕೊನೆಗೆ ಪದವನ್ನು ಸ್ಕ್ವಾಟರ್ ಎಂದೇ ಉಳಿಸಿಕೊಂಡು, ಅದು ಮೊದಲು ಬರುವ ಕಡೆ 'ದೊರೆಯ ನೆಲದಲ್ಲಿ ಮೊದಲು ಅಪ್ಪಣೆಯಿಲ್ಲದೆ, ಆಮೇಲೆ ಪರವಾನಗಿಯಿಂದ ದೊಡ್ಡ ಹಿಂಡುಗಳನ್ನು ಮೇಯಿಸಿದವನು' ಎಂದು ಒಂದು ಸಾಲು ಸೇರಿಸಿದೆ. ಆ ಒಂದು ಸಾಲಿಗೆ ಮೂರು ವಾರ ಹಿಡಿಯಿತು. ಆ ಮೂರು ವಾರಗಳಲ್ಲಿ ಓದಿದ ಪುಟಗಳಲ್ಲಿ ಮಸುಕಾಗಿದ್ದ ಕೆಲವು ಸಾಲುಗಳನ್ನು ನಾನೂ ತಿದ್ದಿ ಬಂದಿದ್ದೇನೆ.