‘ಗುಳುಂ’ ಪದಕ್ಕೆ ಇಂಗ್ಲಿಷ್ ಹುಡುಕುತ್ತಾ: ಪತ್ರಿಕಾ ಮಂಡಳಿಯ ದೂರು ಸೇವೆಯ ವಿಮರ್ಶೆ

‘ಬಡಾವಣೆ ಸಂಘದ ಹಣ ಗುಳುಂ?’ ಎಂಬ ಮೂರು ಕಾಲಂ ವರದಿ ನಮ್ಮ ಜಿಲ್ಲಾ ಆವೃತ್ತಿಯಲ್ಲಿ ಅಚ್ಚಾದ ದಿನ ಆ ಸಂಘದ ಖಜಾಂಚಿ ನಾನೇ ಆಗಿದ್ದೆ. ಎರಡು ವರ್ಷಗಳಿಂದ ಲೆಕ್ಕಪರಿಶೋಧನೆಯೇ ನಡೆದಿಲ್ಲವೆಂದು ಅದರಲ್ಲಿತ್ತು. ನಿಜಕ್ಕೂ ಎರಡೂ ವರ್ಷದ ಲೆಕ್ಕಪರಿಶೋಧನೆ ಮುಗಿದು, ಅದನ್ನು ಸರ್ವಸದಸ್ಯರ ಸಭೆಯಲ್ಲಿ ಓದಿ, ಅಂಗೀಕಾರವನ್ನೂ ಪಡೆದಾಗಿತ್ತು. ವರದಿಗಾರರು ನನಗಾಗಲಿ ಅಧ್ಯಕ್ಷರಿಗಾಗಲಿ ಒಂದು ಫೋನ್ ಕೂಡ ಮಾಡಿರಲಿಲ್ಲ. ಸ್ಥಳೀಯ ಕಚೇರಿಗೆ ಹೋಗಿ ಕೇಳಿದರೆ, ಅಲ್ಲಿದ್ದವರು ಶೀರ್ಷಿಕೆಯ ಕೊನೆಯ ಪ್ರಶ್ನಾರ್ಥಕ ಚಿಹ್ನೆಯ ಮೇಲೆ ಬೆರಳಿಟ್ಟು, “ನಾವು ಕೇಳಿದ್ದೇವೆ ಅಷ್ಟೇ, ಹೇಳಿಲ್ಲವಲ್ಲ ಸರ್” ಎಂದರು. ಪತ್ರಿಕೆಯನ್ನು ಪ್ರಶ್ನಿಸುವುದಕ್ಕೆ ಸಾಮಾನ್ಯ ಓದುಗನಿಗೆ ಇರುವ ದಾರಿ ಯಾವುದೆಂದು ನಾನು ಹುಡುಕತೊಡಗಿದ್ದು ಆಮೇಲೆ. ಹಾಗೆ ಪರಿಚಯವಾದ ಭಾರತೀಯ ಪತ್ರಿಕಾ ಮಂಡಳಿಯ, ಅಂದರೆ ಪ್ರೆಸ್ ಕೌನ್ಸಿಲ್‌ನ, ದೂರು ಸೇವೆಯ ಕುರಿತು ಈ ವಿಮರ್ಶೆ. ಪತ್ರಿಕೆಯ ಹೆಸರನ್ನು ಬರೆಯುವುದಿಲ್ಲ. ಅದರ ಚಂದಾದಾರ ನಾನು ಈಗಲೂ ಹೌದು. ಕಾರಣವನ್ನು ಮುಂದೆ ಹೇಳುತ್ತೇನೆ.

ಮೊದಲು ಖರ್ಚಿನ ಮಾತು. ದೂರಿಗೆ ಶುಲ್ಕವಿಲ್ಲ, ವಕೀಲರನ್ನು ಹಿಡಿಯಬೇಕಾದ ಅಗತ್ಯವಿಲ್ಲ. ಅರ್ಜಿ ಹೋಗಬೇಕಾದದ್ದು ದೆಹಲಿಯ ಲೋಧಿ ರಸ್ತೆಯ ಸಿಜಿಒ ಕಾಂಪ್ಲೆಕ್ಸ್‌ನಲ್ಲಿರುವ ಸೂಚನಾ ಭವನಕ್ಕೆ. ಆದರೆ ನೇರವಾಗಿ ಅಲ್ಲಿಗೆ ಹೋಗುವಂತಿಲ್ಲ. ವರದಿಯಲ್ಲಿ ಯಾವ ಮಾತು ತಪ್ಪು, ಏಕೆ ತಪ್ಪು ಎಂದು ಮೊದಲು ಸಂಪಾದಕರಿಗೇ ಬರೆದು, ಅವರು ಕೊಟ್ಟ ಉತ್ತರವನ್ನು, ಉತ್ತರ ಕೊಡದಿದ್ದರೆ ಬರೆದ ಪತ್ರದ ಪ್ರತಿಯನ್ನು, ದೂರಿನ ಜೊತೆ ಲಗತ್ತಿಸಬೇಕು. ದಿನಪತ್ರಿಕೆ, ವಾರಪತ್ರಿಕೆಗಳ ವಿಷಯದಲ್ಲಿ ದೂರು ಎರಡು ತಿಂಗಳೊಳಗೆ, ಉಳಿದವುಗಳ ವಿಷಯದಲ್ಲಿ ನಾಲ್ಕು ತಿಂಗಳೊಳಗೆ ಸಲ್ಲಬೇಕು. ಈ ಲೆಕ್ಕ ಶುರುವಾಗುವುದು ವರದಿ ಅಚ್ಚಾದ ದಿನದಿಂದ, ಸಂಪಾದಕರಿಗೆ ನೀವು ಬರೆದ ದಿನದಿಂದಲ್ಲ. ಆದ್ದರಿಂದ ಸಂಪಾದಕರ ಸೌಜನ್ಯವನ್ನು ನಂಬಿ ಕಾಯುತ್ತಾ ಕುಳಿತವರ ಗಡುವು ಅವರಿಗೆ ತಿಳಿಯದೆಯೇ ಕರಗಿಹೋಗುತ್ತದೆ. ಸಲ್ಲಿಸಿದ ಸಂಗತಿಗಳೆಲ್ಲ ತಿಳಿದಮಟ್ಟಿಗೆ ಸತ್ಯವೆಂದೂ, ಇದೇ ವಿಷಯ ಯಾವ ನ್ಯಾಯಾಲಯದಲ್ಲೂ ವಿಚಾರಣೆಯಲ್ಲಿಲ್ಲವೆಂದೂ ಘೋಷಣೆ ಕೊಡಬೇಕು. ಮಾನನಷ್ಟ ಮೊಕದ್ದಮೆ ಹೂಡಿದವರಿಗೆ ಈ ಬಾಗಿಲು ಮುಚ್ಚಿರುತ್ತದೆ.

ಕನ್ನಡದ ಓದುಗನಿಗೆ ನಿಜವಾದ ಕಷ್ಟ ಎದುರಾಗುವುದು ಪತ್ರಿಕೆಯ ತುಣುಕಿನ ಜೊತೆ ಇಂಗ್ಲಿಷ್ ಅನುವಾದ ಇರಬೇಕೆಂಬ ನಿಯಮದಲ್ಲಿ. ಮೂರು ಕಾಲಂ ವರದಿಯನ್ನು ನಾನು ಒಂದು ಭಾನುವಾರ ಪೂರ್ತಿ ಕುಳಿತು ಅನುವಾದಿಸಿದೆ. ಒಡಲೆಲ್ಲ ಸಲೀಸಾಗಿ ಬಂತು, ಶೀರ್ಷಿಕೆ ಮಾತ್ರ ಬಗ್ಗಲಿಲ್ಲ. ‘ಮಿಸ್‌ಅಪ್ರಾಪ್ರಿಯೇಟೆಡ್’ ಎಂದರೆ ಅದು ಠಾಣೆಯ ಎಫ್‌ಐಆರ್ ಭಾಷೆಯಾಗುತ್ತದೆ, ಪತ್ರಿಕೆ ಹೇಳದ್ದನ್ನು ನಾನೇ ಹೇಳಿದಂತಾಗುತ್ತದೆ. ‘ಸ್ವಾಲೋಡ್’ ಎಂದರೆ ದೆಹಲಿಯಲ್ಲಿ ಓದುವವರಿಗೆ ಯಾರೋ ಮಾತ್ರೆ ನುಂಗಿದ ಹಾಗೆ ಕೇಳಿಸುತ್ತದೆ. ಗುಳುಂ ಎಂಬಲ್ಲಿ ಕಳ್ಳತನವೂ ಇದೆ, ನಗೆಯೂ ಇದೆ, ಬಾಯಿ ಒರೆಸಿಕೊಂಡು ಎದ್ದು ಹೊರಟವನ ಚಿತ್ರವೂ ಇದೆ. ಹಾಲಿನ ಬೂತಿನ ಮುಂದೆ ನನ್ನನ್ನು ಕಂಡೊಡನೆ ಇಬ್ಬರು ಮಾತು ನಿಲ್ಲಿಸಿದ್ದು ಆ ಒಂದು ಪದದ ದೆಸೆಯಿಂದಲೇ ಹೊರತು ವರದಿಯ ಒಳಗಿನ ಅಂಕಿಗಳಿಂದಲ್ಲ. ಕೊನೆಗೆ ಪದವನ್ನು ಹಾಗೆಯೇ ಉಳಿಸಿ, ಕೆಳಗೆ ನಾಲ್ಕು ಸಾಲಿನ ಟಿಪ್ಪಣಿ ಬರೆದೆ. ಮಾನಕ್ಕೆ ಪೆಟ್ಟು ಬಿದ್ದದ್ದು ಒಂದು ಭಾಷೆಯಲ್ಲಿ, ಅದರ ತೂಕ ನೋಡುವುದು ಇನ್ನೊಂದು ಭಾಷೆಯಲ್ಲಿ ಎಂಬ ಏರ್ಪಾಡು ನನಗೆ ಇಂದಿಗೂ ಒಪ್ಪಿಗೆಯಾಗಿಲ್ಲ.

ಇಷ್ಟೆಲ್ಲ ಸಿದ್ಧಮಾಡಿದರೂ ದೂರನ್ನು ನಾನು ಕಳುಹಿಸಲಿಲ್ಲ ಎಂಬುದನ್ನು ಇಲ್ಲಿಯೇ ಹೇಳಿಬಿಡಬೇಕು. ಸಂಪಾದಕರಿಗೆ ಬರೆದ ಮೊದಲ ಪತ್ರಕ್ಕೆ ಮೂರು ವಾರ ಕಳೆದರೂ ಉತ್ತರ ಬರಲಿಲ್ಲ. ಎರಡನೆಯ ಪತ್ರದಲ್ಲಿ ಬೈಗುಳವಿರಲಿಲ್ಲ, ಅಳಲೂ ಇರಲಿಲ್ಲ. ಲೆಕ್ಕಪರಿಶೋಧನಾ ವರದಿಯ ಎರಡು ಪುಟ, ಸಭೆಯ ನಡಾವಳಿಯ ಪ್ರತಿ, ಪತ್ರಿಕಾ ಮಂಡಳಿಗೆ ದೂರು ಸಲ್ಲಿಸಲು ಉಳಿದಿರುವ ದಿನಗಳ ಲೆಕ್ಕ, ಇಷ್ಟೇ ಇದ್ದವು. ಹನ್ನೊಂದನೆಯ ದಿನ ಒಳಪುಟದಲ್ಲಿ, ಶ್ರದ್ಧಾಂಜಲಿ ಜಾಹೀರಾತುಗಳ ಕೆಳಗೆ, ಮಾರುಕಟ್ಟೆ ಧಾರಣೆಯ ಪಕ್ಕದಲ್ಲಿ, ಒಂದು ಕಾಲಂ ಅಗಲದಲ್ಲಿ ಎರಡು ಬೆರಳಿನಷ್ಟು ಎತ್ತರದ ‘ಸ್ಪಷ್ಟನೆ’ ಬಂತು. ಲೆಕ್ಕಪರಿಶೋಧನೆ ನಡೆದಿದೆ ಎಂದು ಅದರಲ್ಲಿತ್ತು. ಗುಳುಂ ಬಗ್ಗೆ ಮಾತಿರಲಿಲ್ಲ. ವಿಷಾದ ಎಂಬ ಪದವೂ ಇರಲಿಲ್ಲ. ಹೇಗೂ ಅಚ್ಚಾಯಿತಲ್ಲ ಎಂದು ಕತ್ತರಿಸಿ ಫೈಲಿಗೆ ಅಂಟಿಸಿದೆ.

ಹೀಗಾಗಿ ನನ್ನ ಮಟ್ಟಿಗೆ ಈ ಸೇವೆಯ ಬೆಲೆ ಇರುವುದು ದೆಹಲಿಯ ಕಚೇರಿಗಿಂತ ಹೆಚ್ಚಾಗಿ ಅದು ಬರೆಸುವ ಪತ್ರದಲ್ಲಿ. ಕೋಪವನ್ನು ಬದಿಗಿಟ್ಟು, ಯಾವ ವಾಕ್ಯ, ಯಾವ ದಾಖಲೆ, ಯಾವ ದಿನಾಂಕ ಎಂದು ಬರೆಯುವ ಶಿಸ್ತನ್ನು ಆ ನಿಯಮಗಳು ಓದುಗನಿಂದ ಬಲವಂತವಾಗಿ ಪಡೆಯುತ್ತವೆ. ಅಂಥ ಪತ್ರವನ್ನು ಡೆಸ್ಕಿನಲ್ಲಿ ಬುಟ್ಟಿಗೆ ಹಾಕುವುದು ಸುಲಭವಲ್ಲ. ಅದರಾಚೆಗೆ ಮಂಡಳಿಯ ಕೈಯಲ್ಲಿರುವುದು ಏನೆಂದು ನೋಡಿದರೆ ಹೆಚ್ಚೇನೂ ಕಾಣುವುದಿಲ್ಲ. 1978ರ ಪತ್ರಿಕಾ ಮಂಡಳಿ ಕಾಯ್ದೆಯ 14ನೇ ಸೆಕ್ಷನ್ ಪ್ರಕಾರ ಅದು ಪತ್ರಿಕೆಗೆ ಎಚ್ಚರಿಕೆ ಕೊಡಬಹುದು, ಛೀಮಾರಿ ಹಾಕಬಹುದು, ಖಂಡಿಸಬಹುದು. ವಿಚಾರಣೆಯ ವಿವರವನ್ನು ಪತ್ರಿಕೆಯಲ್ಲಿ ಪ್ರಕಟಿಸುವಂತೆಯೂ ಸೂಚಿಸಬಹುದು. ದಂಡ ವಿಧಿಸುವ ಅಧಿಕಾರವಿಲ್ಲ. ಸಾಕ್ಷಿಗಳನ್ನು ಕರೆಸುವ, ದಾಖಲೆ ತರಿಸುವ ವಿಷಯದಲ್ಲಿ ಸಿವಿಲ್ ನ್ಯಾಯಾಲಯದ ಅಧಿಕಾರವೇ ಇದೆ. ಆದರೆ ಸುದ್ದಿಯ ಮೂಲವನ್ನು ಬಿಟ್ಟುಕೊಡುವಂತೆ ಪತ್ರಕರ್ತರನ್ನು ಒತ್ತಾಯಿಸುವಂತಿಲ್ಲ. ಈ ಕೊನೆಯ ರಕ್ಷಣೆ ಇರಲೇಬೇಕು ಎಂದು, ಅದರಿಂದ ನಷ್ಟವಾಗಬಹುದಾಗಿದ್ದ ನಾನೇ ಹೇಳುತ್ತೇನೆ. ಸಂಘದೊಳಗಿನ ಯಾರೋ ಕೊಟ್ಟ ತಪ್ಪು ಮಾಹಿತಿಯಿಂದ ಆ ವರದಿ ಹುಟ್ಟಿತೆಂಬುದು ನನ್ನ ಗುಮಾನಿ. ಆ ‘ಯಾರೋ’ ಹೊರಬಿದ್ದರೆ ನನಗೆ ಸಮಾಧಾನವಾಗುತ್ತಿತ್ತು. ಆದರೆ ನಾಳೆ ನಗರಸಭೆಯ ಗುಮಾಸ್ತರೊಬ್ಬರು ನಿಜವಾದ ಅಕ್ರಮದ ಕಡತ ಹಿಡಿದು ವರದಿಗಾರರ ಬಳಿಗೆ ಹೋಗುವುದು ನಿಂತುಹೋಗುತ್ತಿತ್ತು.

ಮಂಡಳಿಯ ರಚನೆಯಲ್ಲೇ ಒಂದು ಮುಜುಗರವಿದೆ. ಅಧ್ಯಕ್ಷರನ್ನು ಬಿಟ್ಟು 28 ಸದಸ್ಯರು. ಅವರಲ್ಲಿ 13 ಮಂದಿ ಸಂಪಾದಕರು ಮತ್ತು ಪತ್ರಕರ್ತರು, 6 ಮಂದಿ ಪತ್ರಿಕೆಗಳ ಮಾಲೀಕತ್ವ ಅಥವಾ ಆಡಳಿತ ನಡೆಸುವವರು, ಒಬ್ಬರು ಸುದ್ದಿಸಂಸ್ಥೆಯವರು, 5 ಮಂದಿ ಸಂಸದರು. ಉಳಿದ ಮೂವರು ಯುಜಿಸಿ, ವಕೀಲರ ಪರಿಷತ್ತು ಹಾಗೂ ಸಾಹಿತ್ಯ ಅಕಾಡೆಮಿಯ ಕಡೆಯವರು. ಬರೀ ಓದುಗ ಎಂಬ ಕಾರಣಕ್ಕೆ ಅಲ್ಲಿ ಯಾರಿಗೂ ಕುರ್ಚಿಯಿಲ್ಲ. ಕಾಸಿಗಾಗಿ ಸುದ್ದಿ ಪ್ರಕರಣದಲ್ಲಿ ಇದರ ಫಲ ಕಂಡಿತು. ಚುನಾವಣೆಯ ವೇಳೆ ಅಭ್ಯರ್ಥಿಗಳಿಂದ ಹಣ ಪಡೆದು ಜಾಹೀರಾತನ್ನು ಸುದ್ದಿಯಂತೆ ಅಚ್ಚುಹಾಕಿದ ಆರೋಪಗಳ ಬಗ್ಗೆ ಮಂಡಳಿಯ ಇಬ್ಬರು ಸದಸ್ಯರ ಉಪಸಮಿತಿ 2010ರಲ್ಲಿ 71 ಪುಟಗಳ ವರದಿ ಕೊಟ್ಟಿತು. ಅದರಲ್ಲಿ ಪತ್ರಿಕೆಗಳ ಹೆಸರುಗಳಿದ್ದವು. ಮಂಡಳಿ ಆ ವರದಿಯನ್ನು ಹಾಗೆಯೇ ಹೊರಗೆ ಬಿಡದೆ ಅದಕ್ಕಿಂತ ಚಿಕ್ಕದೊಂದನ್ನು ಅಂಗೀಕರಿಸಿತು. ಪೂರ್ಣ ಪಾಠ ಸಾರ್ವಜನಿಕರಿಗೆ ಸಿಕ್ಕಿದ್ದು 2011ರಲ್ಲಿ, ಕೇಂದ್ರ ಮಾಹಿತಿ ಆಯೋಗದ ಆದೇಶದ ನಂತರ. ಸರ್ಕಾರಿ ಕಚೇರಿಗಳ ಕಡತ ಬಿಚ್ಚಿಸಲು ಪತ್ರಕರ್ತರು ಬಳಸುವ ಮಾಹಿತಿ ಹಕ್ಕು ಕಾಯ್ದೆಯನ್ನೇ ಪತ್ರಿಕೆಗಳ ಮೇಲ್ವಿಚಾರಕರ ಕಡತಕ್ಕೂ ಬಳಸಬೇಕಾಯಿತು.

ಆದರೂ ಈ ಸಂಸ್ಥೆಯನ್ನು ಹಗುರವಾಗಿ ತಳ್ಳಿಹಾಕಲಾರೆ, ಏಕೆಂದರೆ ಇಲ್ಲಿ ದೂರು ಕೊಡುವವರ ಸಾಲು ಒಂದಲ್ಲ, ಎರಡು. ಪತ್ರಿಕೆಯ ಮೇಲೆ ದೂರುವವರು ಒಂದು ಕಡೆ. ಜಾಹೀರಾತು ತಡೆದರು, ಮಾನ್ಯತಾ ಪತ್ರ ಕಿತ್ತುಕೊಂಡರು, ವರದಿಗಾರರಿಗೆ ಬೆದರಿಕೆ ಹಾಕಿದರು ಎಂದು ಸರ್ಕಾರದ ಮೇಲೆ ದೂರುವ ಪತ್ರಿಕೆಗಳು ಇನ್ನೊಂದು ಕಡೆ. ಸರ್ಕಾರವೂ ಸೇರಿದಂತೆ ಯಾವುದೇ ಪ್ರಾಧಿಕಾರದ ನಡವಳಿಕೆಯ ಬಗ್ಗೆ ಅಭಿಪ್ರಾಯ ದಾಖಲಿಸಲು ಕಾಯ್ದೆ ಮಂಡಳಿಗೆ ಅವಕಾಶ ಕೊಟ್ಟಿದೆ. ಸರ್ಕಾರಿ ಜಾಹೀರಾತಿನ ಹಿಡಿತದಿಂದಾಗಿ ಬಿಹಾರದ ಪತ್ರಿಕೆಗಳು ಆಳುವವರ ವಿರುದ್ಧ ಬರೆಯಲು ಹಿಂಜರಿಯುತ್ತಿವೆ ಎಂದು 2013ರಲ್ಲಿ ವರದಿ ಕೊಟ್ಟದ್ದು ಇದೇ ಮಂಡಳಿಯ ಸತ್ಯಶೋಧನಾ ತಂಡ. ಇನ್ನೂ ಹಿಂದಕ್ಕೆ ಹೋದರೆ, 1966ರಲ್ಲಿ ಹುಟ್ಟಿದ ಮೊದಲ ಮಂಡಳಿಯನ್ನು ತುರ್ತು ಪರಿಸ್ಥಿತಿಯ ಕಾಲದಲ್ಲಿ, 1976ರ ಜನವರಿ 1ರಿಂದ ರದ್ದುಮಾಡಲಾಯಿತು. ಮತ್ತೆ ಅದು ಜೀವ ಪಡೆದದ್ದು 1979ರಲ್ಲಿ. ದಂಡ ಹಾಕಲಾರದ ಸಂಸ್ಥೆಯೂ ಅಧಿಕಾರಸ್ಥರಿಗೆ ಅಡ್ಡಿಯೆನಿಸಿತ್ತು ಎಂಬುದನ್ನು ಅಂಕ ಕೊಡುವಾಗ ನಾನು ಮರೆಯಲಿಲ್ಲ.

ಚಂದಾ ನಿಲ್ಲಿಸದ ಕಾರಣವೂ ಇಲ್ಲಿಗೇ ಸೇರುತ್ತದೆ. ನಮ್ಮೂರಿನ ಒಳಚರಂಡಿ ಕಾಮಗಾರಿಗೆ ರಸ್ತೆ ಅಗೆದು ಎರಡು ಮಳೆಗಾಲ ಹಾಗೆಯೇ ಬಿಟ್ಟಾಗ, ಇದೇ ಪತ್ರಿಕೆ ಬೀದಿ ಬೀದಿಯ ಫೋಟೊ ಹಾಕಿ, ಟೆಂಡರಿನ ಷರತ್ತುಗಳನ್ನು ಅಚ್ಚುಹಾಕಿ, ಗುತ್ತಿಗೆದಾರರಿಗೆ ಎಷ್ಟು ಬಿಲ್ ಪಾವತಿಯಾಗಿದೆ ಎಂದು ವಾರಗಟ್ಟಲೆ ಬೆನ್ನು ಹತ್ತಿತು. ನಗರಸಭೆಯ ಸಭೆಯಲ್ಲಿ ಎಂಜಿನಿಯರು ಎದ್ದುನಿಂತು ಉತ್ತರ ಹೇಳಬೇಕಾಯಿತು, ನಮ್ಮ ಬೀದಿಗೆ ಜಲ್ಲಿ ಬಿತ್ತು. ಆ ವರದಿಗಳಲ್ಲಿ ಪ್ರತಿ ಅಂಕಿಯ ಪಕ್ಕದಲ್ಲೂ ದಾಖಲೆಯ ಹೆಸರಿತ್ತು. ನಗರಸಭೆಯಿಂದ ಅಷ್ಟು ಲೆಕ್ಕ ಕೇಳಬಲ್ಲವರು ಒಂದು ಬಡಾವಣೆ ಸಂಘದ ಬಗ್ಗೆ ಬರೆಯುವ ಮುನ್ನ ಒಂದು ಫೋನ್ ಮಾಡಬಹುದಿತ್ತು ಎಂಬುದೇ ನನ್ನ ತಕರಾರು.

ಟಿವಿ ವಾಹಿನಿಗಳ ಮೇಲೆ ದೂರಿರುವವರಿಗೆ ಈ ಸೇವೆ ಉಪಯೋಗಕ್ಕೆ ಬಾರದು. ಮಂಡಳಿಯ ವ್ಯಾಪ್ತಿಯಲ್ಲಿರುವುದು ಪತ್ರಿಕೆಗಳು ಮತ್ತು ಸುದ್ದಿಸಂಸ್ಥೆಗಳು ಮಾತ್ರ. ವಾಹಿನಿಗಳಿಗೆ ಅವುಗಳದೇ ಸ್ವಯಂ ನಿಯಂತ್ರಣ ಪ್ರಾಧಿಕಾರಗಳಿವೆ, ಅಲ್ಲಿನ ಗಡುವು ಇನ್ನೂ ಬಿಗಿ. ಇನ್ನು ದೆಹಲಿಯ ದಾರಿ ಹಿಡಿಯುವ ಪ್ರಮೇಯವೇ ಬಾರದಂತೆ ಪತ್ರಿಕೆಯೇ ಒಳಗೊಂದು ಬಾಗಿಲು ತೆರೆದಿಟ್ಟರೆ ಎಲ್ಲರಿಗೂ ಮೇಲು. ‘ದಿ ಹಿಂದೂ’ 2006ರಲ್ಲಿ ಓದುಗರ ದೂರುಗಳನ್ನು ಕೇಳುವುದಕ್ಕೆಂದೇ ‘ಓದುಗರ ಸಂಪಾದಕ’ರನ್ನು ನೇಮಿಸಿ, ತಿದ್ದುಪಡಿಗಳಿಗೆ ನಿಗದಿತ ಜಾಗ ಕೊಟ್ಟಿತು. ಧಾರಣೆ ಪಟ್ಟಿಗೂ ರಾಶಿ ಭವಿಷ್ಯಕ್ಕೂ ಖಾಯಂ ಜಾಗವಿರುವ ನಮ್ಮ ಜಿಲ್ಲಾ ಪುಟದಲ್ಲಿ ತಪ್ಪೊಪ್ಪಿಗೆಗೆ ಒಂದು ಅಂಗುಲ ಮೀಸಲಿಡುವುದು ಅಸಾಧ್ಯವೇನಲ್ಲ.

ಒಟ್ಟು ಐದರಲ್ಲಿ ಮೂರು ಅಂಕ. ಖರ್ಚಿಲ್ಲದ್ದಕ್ಕೆ ಒಂದು, ಸುದ್ದಿಮೂಲವನ್ನು ಕಾಯುವುದಕ್ಕೆ ಒಂದು, ನನ್ನಿಂದ ಒಳ್ಳೆಯ ಪತ್ರ ಬರೆಸಿದ್ದಕ್ಕೆ ಒಂದು. ಕಳೆದ ಎರಡರಲ್ಲಿ ಒಂದು ಇಂಗ್ಲಿಷ್ ಅನುವಾದದ ನಿಯಮಕ್ಕೆ, ಇನ್ನೊಂದು ಓದುಗನಿಗಿಲ್ಲದ ಕುರ್ಚಿಗೆ. ದೂರು ಸಿದ್ಧಪಡಿಸುವವರು ಪತ್ರಿಕೆಯ ಪೂರ್ತಿ ಪುಟವನ್ನೇ ತೆಗೆದಿಡಿ. ದಿನಾಂಕ, ಆವೃತ್ತಿಗಳಿಲ್ಲದ ತುಣುಕಿನಿಂದ ಪ್ರಯೋಜನವಿಲ್ಲ. ಜಾಲತಾಣವನ್ನೂ ಒಮ್ಮೆ ನೋಡಿ. ಅಚ್ಚಿನಲ್ಲಿ ಸ್ಪಷ್ಟನೆ ಬಂದ ಮೇಲೂ ನಮ್ಮ ಸಂಘದ ಹೆಸರು ಕೊಟ್ಟು ಹುಡುಕಿದರೆ ಮೊದಲು ಸಿಗುವುದು ಅದೇ ಹಳೆಯ ವರದಿ, ಅದೇ ಗುಳುಂ, ಅದೇ ಪ್ರಶ್ನಾರ್ಥಕ ಚಿಹ್ನೆ. ಅದಕ್ಕಾಗಿ ಮೂರನೆಯ ಪತ್ರವನ್ನು ಕಳೆದ ವಾರ ಅಂಚೆಗೆ ಹಾಕಿದ್ದೇನೆ.