ವಿಂಡೋಸ್ 7ರಲ್ಲಿ ಗೇಮ್ ಓಡಿಸಲು ಡಿಎಲ್‌ಎಲ್ ಫೈಲ್ ಹುಡುಕಲು ಹೋಗಬೇಡಿ

ಹಳೇ ಪಿಸಿಗೆ ಹೊಸ ಗೇಮ್ ಹಾಕಿ ಡಿಎಲ್‌ಎಲ್ (ಪ್ರೋಗ್ರಾಂಗಳು ಹಂಚಿಕೊಂಡು ಬಳಸುವ ಕೋಡ್ ಇರುವ ಫೈಲ್) ಎರರ್ ನೋಡುತ್ತಾ ಕೂತಿದ್ದೀರಾ? ದಯವಿಟ್ಟು ಆ ಫೈಲನ್ನು ಎಲ್ಲಿಂದಲೂ ಇಳಿಸಿಕೊಳ್ಳಬೇಡಿ. ನಾನು ಇಳಿಸಿಕೊಂಡೆ, ಮನೆಯವರ ಹತ್ತು ವರ್ಷದ ಫೋಟೋಗಳು ಹೋದವು.

2023ರ ಕೊನೆಯಲ್ಲಿ ಆದದ್ದು. ಅಣ್ಣ ಇಂಜಿನಿಯರಿಂಗ್ ಓದುವಾಗ ಕೊಂಡ ಪಿಸಿ, ವಿಂಡೋಸ್ 7. ದುಡ್ಡು ಕೂಡಿಟ್ಟು ಸೆಕೆಂಡ್ ಹ್ಯಾಂಡ್ ಗ್ರಾಫಿಕ್ಸ್ ಕಾರ್ಡ್ ಹಾಕಿಸಿದ್ದೆ. ಇನ್ನೇನು, ಎಲ್ಲಾ ಗೇಮ್ ಓಡುತ್ತವೆ ಅಂದುಕೊಂಡು ಆನ್‌ಲೈನ್ ಗೇಮ್ ಅಂಗಡಿ ಸ್ಟೀಮ್‌ನಲ್ಲಿ ಸೇಲ್ ಬಂದಾಗ ಒಂದನ್ನು ಕೊಂಡೆ. ಅದರ ಪುಟದಲ್ಲಿ ವಿಂಡೋಸ್ 10 ಬೇಕು ಅಂತ ಇತ್ತು. ಸುಮ್ನೆ ಹಾಕಿರುತ್ತಾರೆ ಅಂತ ಬಿಟ್ಟೆ. 60 ಜಿಬಿ ಇಳಿಯಲು ಮೂರು ರಾತ್ರಿ ಹಿಡಿಯಿತು. ಪ್ಲೇ ಒತ್ತಿದರೆ ಬಂದದ್ದು ಒಂದೇ ಸಾಲು: ಡಿಎಕ್ಸ್‌ಜಿಐ ಡಾಟ್ ಡಿಎಲ್‌ಎಲ್‌ನಲ್ಲಿ ‘ಕ್ರಿಯೇಟ್ ಡಿಎಕ್ಸ್‌ಜಿಐ ಫ್ಯಾಕ್ಟರಿ 2’ ಸಿಗುತ್ತಿಲ್ಲ.

ಇದನ್ನು ಓದಿದರೆ ಯಾವುದೋ ಫೈಲ್ ಕೆಟ್ಟಿದೆ ಅನ್ನಿಸುತ್ತದೆ, ಅಲ್ವಾ? ಏನೂ ಕೆಟ್ಟಿರುವುದಿಲ್ಲ. ಗೇಮ್ ಕೇಳುತ್ತಿರುವ ಆ ಫಂಕ್ಷನ್ ಬಂದದ್ದೇ ವಿಂಡೋಸ್ 8.1ರಲ್ಲಿ, 7ರಲ್ಲಿ ಅದು ಯಾವತ್ತೂ ಇರಲಿಲ್ಲ. 10ರ ಫೈಲ್ ತಂದು 7ಕ್ಕೆ ಹಾಕಿದರೂ ನಡೆಯುವುದಿಲ್ಲ, ಅದು ಒಳಗಿನ ಇನ್ನೂ ಹತ್ತಾರು ಭಾಗಗಳನ್ನು ನಂಬಿಕೊಂಡಿರುತ್ತದೆ. ಗೇಮ್‌ಗಳು ಗ್ರಾಫಿಕ್ಸ್ ಕಾರ್ಡ್ ಬಳಸಲು ವಿಂಡೋಸ್‌ನಲ್ಲಿರುವ ವ್ಯವಸ್ಥೆ ಡೈರೆಕ್ಟ್‌ಎಕ್ಸ್, ಅದರ 12ನೇ ಆವೃತ್ತಿ ಕೂಡ ಹಾಗೆಯೇ. ಕಾರ್ಡ್ ಎಷ್ಟೇ ಚೆನ್ನಾಗಿರಲಿ, ಬೆರಳೆಣಿಕೆಯ ಗೇಮ್ ಬಿಟ್ಟರೆ ವಿಂಡೋಸ್ 7ರಲ್ಲಿ ಡೈರೆಕ್ಟ್‌ಎಕ್ಸ್ 11ರವರೆಗೆ ಮಾತ್ರ.

ಇದು ಆಗ ನನಗೆ ಗೊತ್ತಿರಲಿಲ್ಲ. ಒಂದು ವಿಡಿಯೋದ ಕೆಳಗಿದ್ದ ಲಿಂಕಿನಿಂದ ‘ಫಿಕ್ಸ್’ ಇಳಿಸಿಕೊಂಡೆ. ಜಿಪ್ ಫೈಲ್, ಅದಕ್ಕೊಂದು ಪಾಸ್‌ವರ್ಡ್, ಮೊದಲು ಆಂಟಿವೈರಸ್ ಆಫ್ ಮಾಡಿ ಅನ್ನುವ ಸೂಚನೆ. ಆ ಸೂಚನೆ ಕಂಡಲ್ಲೇ ನಿಲ್ಲಬೇಕಿತ್ತು. ಅಡ್ಮಿನ್ ಆಗಿ ರನ್ ಮಾಡಿದೆ, ಏನೂ ಆಗಲಿಲ್ಲ, ಮಲಗಿದೆ. ಬೆಳಿಗ್ಗೆ ಒಂದು ಫೋಟೋನೂ ತೆರೆಯಲಿಲ್ಲ. ಎಲ್ಲಾ ಫೈಲ್‌ಗಳ ಹೆಸರಿನ ಕೊನೆಗೆ ಅರ್ಥವಿಲ್ಲದ ನಾಲ್ಕಕ್ಷರ, ಪ್ರತಿ ಫೋಲ್ಡರ್‌ನಲ್ಲೂ ಒಂದು ಚೀಟಿ: ನೂರಾರು ಡಾಲರ್ ಕೊಡಿ, 72 ಗಂಟೆಯೊಳಗೆ ಕೊಟ್ಟರೆ ಅರ್ಧ. ಫೈಲ್‌ಗಳಿಗೆ ಬೀಗ ಹಾಕಿ, ಬಿಡಿಸಲು ದುಡ್ಡು ಕೇಳುವ ವೈರಸ್ ಅದು. ಅಜ್ಜಿಯ ಕೊನೆಯ ಯುಗಾದಿಯ ಫೋಟೋಗಳು ಅದರಲ್ಲೇ ಇದ್ದವು. ಬೇರೆಲ್ಲೂ ಕಾಪಿ ಇರಲಿಲ್ಲ. ಅಪ್ಪನಿಗೆ ಹೇಳಲು ನನಗೆ ಎರಡು ದಿನ ಬೇಕಾಯಿತು.

ಗೇಮಿನ ದುಡ್ಡೂ ವಾಪಸ್ ಬರಲಿಲ್ಲ. ಕೊಂಡ 14 ದಿನದೊಳಗೆ, ಎರಡು ಗಂಟೆಗಿಂತ ಕಡಿಮೆ ಆಡಿದ್ದರೆ ಸ್ಟೀಮ್ ಹಣ ಹಿಂದಿರುಗಿಸುತ್ತದೆ, ಆದರೆ ಈ ಗಲಾಟೆಯಲ್ಲಿ ನಾನು ಆ 14 ದಿನ ದಾಟಿಸಿಬಿಟ್ಟೆ. ಎರರ್ ಬಂದ ದಿನವೇ ಕೇಳಿಬಿಡಿ.

ವಿಂಡೋಸ್ 7ಕ್ಕೆ ಸಾಮಾನ್ಯ ಸೆಕ್ಯುರಿಟಿ ಅಪ್‌ಡೇಟ್ 2020ರ ಜನವರಿ 14ಕ್ಕೇ ನಿಂತಿದೆ. ಸ್ಟೀಮ್ 2024ರ ಜನವರಿ 1ರಿಂದ ಅದನ್ನು ಕೈಬಿಟ್ಟಿದೆ. ವಿಂಡೋಸ್ 10 ಇದೆ, ನಮಗೇನು ಅನ್ನುವವರೂ ಕೇಳಿ, ಅದರ ಬೆಂಬಲವೂ 2025ರ ಅಕ್ಟೋಬರ್ 14ಕ್ಕೆ ಮುಗಿಯಿತು. ಇನ್ನು ಮುಂದೆ ಇಂಥ ‘ಫಿಕ್ಸ್’ಗಳು ನಿಮ್ಮನ್ನೂ ಹುಡುಕಿಕೊಂಡು ಬರುತ್ತವೆ.

ಈಗಾಗಲೇ ಇಂಥದ್ದನ್ನು ರನ್ ಮಾಡಿದ್ದರೆ ಮೊದಲು ನೆಟ್ ಕೇಬಲ್ ಕಿತ್ತುಬಿಡಿ. ಪೆನ್‌ಡ್ರೈವ್ ಹಾಕಬೇಡಿ, ಅದರಲ್ಲಿರುವುದೂ ಹೋಗುತ್ತದೆ. ಜಿಮೇಲ್, ಬ್ಯಾಂಕ್ ಪಾಸ್‌ವರ್ಡ್‌ಗಳನ್ನು ಫೋನಿನಿಂದ ಬದಲಿಸಿ, ಆ ಪಿಸಿಯಿಂದ ಬೇಡ. ಹಾರ್ಡ್‌ಡಿಸ್ಕ್ ಫಾರ್ಮ್ಯಾಟ್ ಮಾಡಬೇಡಿ, ಕೆಲವು ಹಳೇ ವೈರಸ್‌ಗಳಿಗೆ ಬಿಡಿಸುವ ಕೀಲಿ ಆಮೇಲೆ ಸಿಕ್ಕಿದ್ದುಂಟು. ನಮ್ಮದನ್ನು ಬಿಚ್ಚಿ, ಬಟ್ಟೆ ಸುತ್ತಿ ಬೀರುವಿನಲ್ಲಿ ಇಟ್ಟಿದ್ದೇವೆ.