ಫೂಟಿ ಚೆಂಡು: ಚೆನ್ನಾಗಿದೆ, ಮಳೆಗಾಲದಲ್ಲಿ ಮಾತ್ರ ಜೋಪಾನ
ಅಕ್ಕ ಮೆಲ್ಬರ್ನ್‌ನಿಂದ ತಂದುಕೊಟ್ಟ ಲೆದರ್ ಚೆಂಡಿದು, ಫೂಟಿ ಅಂದ್ರೆ ಆಸ್ಟ್ರೇಲಿಯನ್ ರೂಲ್ಸ್ ಫುಟ್ಬಾಲ್ ಆಡೋದು, ಮೊಟ್ಟೆ ಆಕಾರ, ಕೆಂಪು ಬಣ್ಣ. ಹೊಲಿಗೆ ಗಟ್ಟಿ, ಗ್ರಿಪ್ ಸೂಪರ್. ಶಿವಮೊಗ್ಗದಲ್ಲಿ ಏರಿಯಾ ಹುಡುಗ್ರ ಜೊತೆ ಆಡ್ತಿದೀವಿ. ಉದ್ದಕ್ಕೆ ಹಿಡ್ಕೊಂಡು ನೇರ ಕಾಲ್ಮೇಲೆ ಬಿಟ್ಟು ಒದ್ರೆ ಹಿಂದಕ್ಕೆ ತಿರುಗ್ತಾ ನೆಟ್ಟಗೆ ಹೋಗುತ್ತೆ, ಚೂರು ಓರೆ ಆದ್ರೂ ಎತ್ಲಾಗೋ ಹೋಗುತ್ತೆ, ನೆಲಕ್ಕೆ ಬಿದ್ಮೇಲಂತೂ ಯಾವ ಕಡೆ ಪುಟಿಯುತ್ತೆ ಅಂತ ಹೇಳಕ್ಕೇ ಆಗಲ್ಲ.

ಇದನ್ನ ಆಡಿದ್ಮೇಲೆ ಫೂಟಿ ಆಟಗಾರ ಆಡಮ್ ಗುಡ್ಸ್ ಮೇಲೆ ಗೌರವ ಇನ್ನೂ ಜಾಸ್ತಿ ಆಯ್ತು. 1999ರಿಂದ 2015ರವರೆಗೆ ಸಿಡ್ನಿ ಸ್ವಾನ್ಸ್‌ಗೆ 372 ಮ್ಯಾಚ್, 2003 ಮತ್ತೆ 2006ರಲ್ಲಿ ಲೀಗ್ ಬೆಸ್ಟ್ ಆಟಗಾರನಿಗೆ ಕೊಡೋ ಬ್ರೌನ್ಲೋ ಪದಕ, 2005, 2012ರಲ್ಲಿ ತಂಡಕ್ಕೆ ಲೀಗ್ ಚಾಂಪಿಯನ್ ಪಟ್ಟ ಅಂದ್ರೆ ಪ್ರೀಮಿಯರ್‌ಶಿಪ್, ಅದೂ ಇಂಥಾ ಚೆಂಡಲ್ಲಿ! ಆಸ್ಟ್ರೇಲಿಯಾದ ಆದಿವಾಸಿ ಸಮುದಾಯದ ಆಟಗಾರ, ಜನಾಂಗೀಯ ನಿಂದನೆ ವಿರುದ್ಧ ದನಿ ಎತ್ತಿದ್ಮೇಲೆ ಕೊನೇ ಸೀಸನ್‌ಗಳಲ್ಲಿ ಜನ ಸ್ಟೇಡಿಯಂ ತುಂಬಾ ಬೂ ಅಂತ ಕೂಗಿದ್ರು, ಈ ಆಟದ ಲೀಗ್ ಎಎಫ್ಎಲ್ ಮತ್ತೆ ಅದರ 18 ಕ್ಲಬ್‌ಗಳು ಕ್ಷಮೆ ಕೇಳಿದ್ದು 2019ರಲ್ಲಿ. ತುಂಬಾ ಲೇಟಾಯ್ತು ಅನ್ನೋದೇ ನನ್ನ ಬೇಜಾರು.

ಚೆಂಡಿನ ವಿಷ್ಯಕ್ಕೆ ಬಂದ್ರೆ ಒಂದೇ ತೊಂದ್ರೆ, ನಮ್ಮ ಮಲೆನಾಡಿನ ಆಷಾಢದ ಮಳೆ. ಲೆದರ್ ನೀರು ಕುಡಿದು ಭಾರ ಆಗುತ್ತೆ, ಜಾರುತ್ತೆ. ಬಚ್ಚಲೊಲೆ ಹತ್ರ ಇಟ್ಟು ಒಣಗಿಸ್ಬೇಡಿ, ಬಟ್ಟೇಲಿ ಒರೆಸಿ ಗಾಳಿಗಿಡಿ. ಮಳೆಗಾಲಕ್ಕೆ ಬೇರೆ ಸಿಂಥೆಟಿಕ್ ಚೆಂಡು ತಗೊಳ್ಳಿ. ಐದಕ್ಕೆ ನಾಲ್ಕು ಸ್ಟಾರ್.